ಆಗಸ್ಟ್ ಬಿಯರ್

ಆಗಸ್ಟ್ ಕಾರ್ಲ್ ಗುಸ್ತಾವ್ ಬಿಯರ್ (24 ನವೆಂಬರ್ 1861 – 12 ಮಾರ್ಚ್ 1949) ಜರ್ಮನಿಯ ಶಸ್ತ್ರಚಿಕಿತ್ಸಕರು. ಬೆನ್ನುಹುರಿಯ ಸುತ್ತಲಿನ ದ್ರವಕ್ಕೆ ಔಷಧಿ ಸೇರಿಸಿ ಸೊಂಟದ ಕೆಳಗಿನ ಭಾಗವನ್ನಷ್ಟೇ ಮರಗಟ್ಟಿಸುವ ಅರಿವಳಿಕೆಯನ್ನು ಶಸ್ತ್ರಚಿಕಿತ್ಸೆಗೆ ಮೊದಲು ಬಳಸಿದವರೆಂದು ಪ್ರಸಿದ್ಧರಾಗಿದ್ದಾರೆ.

ಆರಂಭಿಕ ಜೀವನ

ಬಿಯರ್ ಜರ್ಮನಿಯ ವಾಲ್ಡೆಕ್ ಪ್ರಾಂತ್ಯದ ಹೆಲ್ಸೆನ್‌ನಲ್ಲಿ ಜನಿಸಿದರು. ಬರ್ಲಿನ್, ಲೈಪ್‌ಜಿಗ್ ಮತ್ತು ಕೀಲ್ ನಗರಗಳಲ್ಲಿ ವೈದ್ಯಶಾಸ್ತ್ರವನ್ನು ಅಭ್ಯಸಿಸಿ, ಕೀಲ್‌ನಲ್ಲಿ ಫ್ರೀಡ್ರಿಕ್ ಫಾನ್ ಎಸ್ಮಾರ್ಕ್ ಅವರ ಸಹಾಯಕರಾದರು. ಅದೇ ನಗರದಲ್ಲಿ ಹೈನ್ರಿಕ್ ಕ್ವಿಂಕೆ 1891ರಲ್ಲಿ ಸೊಂಟದ ಮೂಳೆಗಳ ನಡುವೆ ಸೂಜಿ ಚುಚ್ಚಿ ದ್ರವ ತೆಗೆಯುವ ವಿಧಾನವನ್ನು ಪ್ರಕಟಿಸಿದ್ದರು.

1898ರ ಪ್ರಯೋಗ

ಆ ಕಾಲದಲ್ಲಿ ಕಾಲಿನ ಶಸ್ತ್ರಚಿಕಿತ್ಸೆಗೂ ಕ್ಲೋರೋಫಾರ್ಮ್ ಅಥವಾ ಈಥರ್ ನೀಡಿ ರೋಗಿಯ ಪ್ರಜ್ಞೆ ತಪ್ಪಿಸಬೇಕಾಗಿತ್ತು. ಉಸಿರಾಟ ಅಥವಾ ಹೃದಯ ನಿಂತು ಸಾವು ಸಂಭವಿಸುವ ಭಯವಿತ್ತು. 1898ರ ಆಗಸ್ಟ್ 16ರಂದು, ಪಾದದ ಹರಡಿನ ಕೀಲಿಗೆ ಕ್ಷಯ ತಗುಲಿದ್ದ 34 ವರ್ಷದ ಕೂಲಿಕಾರನೊಬ್ಬನಿಗೆ ಬಿಯರ್ ಬೆನ್ನಿನ ಮೂಲಕ 15 ಮಿಲಿಗ್ರಾಂ ಕೊಕೇನ್ ನೀಡಿದರು. ಹಿಂದಿನ ಪೂರ್ಣ ಅರಿವಳಿಕೆಗಳಿಂದ ಆತ ಬಹಳ ಬಳಲಿದ್ದನು. ಈ ಬಾರಿ ಎಚ್ಚರವಾಗಿದ್ದೂ ಅವನಿಗೆ ಶಸ್ತ್ರಚಿಕಿತ್ಸೆಯ ನೋವು ತಿಳಿಯಲಿಲ್ಲ. ಆದರೆ ಅನಂತರ ವಾಂತಿ ಮತ್ತು ತಲೆನೋವು ಕಾಣಿಸಿಕೊಂಡವು.

ಈ ತೊಂದರೆಗಳನ್ನು ಅರಿಯಲು ಬಿಯರ್ ಆಗಸ್ಟ್ 24ರಂದು ತಮ್ಮ ಮೇಲೆಯೇ ಪ್ರಯೋಗ ಮಾಡಿಸಿಕೊಂಡರು. ಸಹಾಯಕ ಹಿಲ್ಡೆಬ್ರಾಂಟ್ ಬಳಸಿದ ಸಿರಿಂಜು ಸೂಜಿಗೆ ಹೊಂದದೆ ದ್ರವ ಬಹಳಷ್ಟು ಸೋರಿಹೋಯಿತು, ಔಷಧಿಯೂ ಪೋಲಾಯಿತು. ಬಳಿಕ ಬಿಯರ್ ಹಿಲ್ಡೆಬ್ರಾಂಟ್‌ಗೆ ಅದೇ ಸೂಜಿಮದ್ದು ನೀಡಿದರು. ಮೊಣಕಾಲಿನ ಕೆಳಗಿನ ಮೂಳೆಗೆ ಕಬ್ಬಿಣದ ಸುತ್ತಿಗೆಯಿಂದ ಹೊಡೆದರೂ ಅವರಿಗೆ ನೋವಾಗಲಿಲ್ಲ. ಮರುದಿನಗಳಲ್ಲಿ ಇಬ್ಬರೂ ನರಳಿದರು. ಬಿಯರ್ ಎದ್ದು ಕೂತರೆ ತಲೆ ಸಿಡಿಯುತ್ತಿದ್ದುದರಿಂದ ಒಂಬತ್ತು ದಿನ ಹಾಸಿಗೆ ಹಿಡಿದರು. ದ್ರವ ಸೋರಿದ್ದೇ ತಲೆನೋವಿಗೆ ಕಾರಣವೆಂದು ಅವರು ಊಹಿಸಿದರು. ಈ ಊಹೆ ಮುಂದೆ ಸರಿಯೆಂದು ತಿಳಿದುಬಂದಿತು. 1899ರಲ್ಲಿ ಅವರೊಬ್ಬರ ಹೆಸರಿನಲ್ಲೇ ಪ್ರಬಂಧ ಪ್ರಕಟವಾಯಿತು. ಅದರಲ್ಲಿ ಯಶಸ್ಸಿನೊಂದಿಗೆ ಈ ಕಷ್ಟಗಳನ್ನೂ ಅವರು ದಾಖಲಿಸಿದರು. ನ್ಯೂಯಾರ್ಕಿನ ಲಿಯೊನಾರ್ಡ್ ಕಾರ್ನಿಂಗ್ 1885ರಲ್ಲೇ ಬೆನ್ನಿಗೆ ಕೊಕೇನ್ ಚುಚ್ಚಿದ್ದರಿಂದ ಮೊದಲಿಗರು ಯಾರೆಂಬ ವಿವಾದವೂ ಉಂಟಾಯಿತು.

ನಂತರದ ವೃತ್ತಿಜೀವನ

ಗ್ರೈಫ್ಸ್‌ವಾಲ್ಡ್ ಹಾಗೂ ಬಾನ್‌ನಲ್ಲಿ ಪ್ರಾಧ್ಯಾಪಕರಾಗಿದ್ದ ಬಿಯರ್ 1907ರಲ್ಲಿ ಬರ್ಲಿನ್‌ಗೆ ಬಂದರು. 1908ರಲ್ಲಿ ಕೈ ಅಥವಾ ಕಾಲಿಗೆ ಬಿಗಿಯಾದ ಪಟ್ಟಿ ಕಟ್ಟಿ, ಅಭಿಧಮನಿಗೆ ಪ್ರೊಕೇನ್ ನೀಡಿ ಆ ಅವಯವವನ್ನಷ್ಟೇ ಮರಗಟ್ಟಿಸುವ ವಿಧಾನವನ್ನು ಮಂಡಿಸಿದರು. ಇದು ಇಂದಿಗೂ ಬಿಯರ್ ಬ್ಲಾಕ್ ಎಂಬ ಹೆಸರಿನಿಂದ ಬಳಕೆಯಲ್ಲಿದೆ. ಮೊದಲ ಮಹಾಯುದ್ಧದಲ್ಲಿ ಜರ್ಮನ್ ಸೈನಿಕರ ಉಕ್ಕಿನ ಶಿರಸ್ತ್ರಾಣದ ರಚನೆಗೆ ನೆರವಾದರು. 1937ರಲ್ಲಿ ನಾಜಿ ಸರ್ಕಾರದ ರಾಷ್ಟ್ರೀಯ ಪ್ರಶಸ್ತಿಯನ್ನು ಫರ್ಡಿನಾಂಡ್ ಸೌಯರ್‌ಬ್ರುಖ್ ಅವರೊಂದಿಗೆ ಸ್ವೀಕರಿಸಿದ್ದು ಅವರ ಜೀವನದ ಟೀಕೆಗೊಳಗಾದ ಅಧ್ಯಾಯವಾಗಿದೆ. ಸೌಯೆನ್‌ನ ಬಡ ಮಣ್ಣಿನಲ್ಲಿ ಮಿಶ್ರ ಅರಣ್ಯ ಬೆಳೆಸಿದ ಅವರು ಅಲ್ಲಿಯೇ ನಿಧನರಾದರು.

ಪರಂಪರೆ

ಕೊಕೇನ್‌ನ ಸ್ಥಾನಕ್ಕೆ ಇಂದು ಬುಪಿವಕೇನ್‌ನಂತಹ ಔಷಧಿಗಳು ಬಂದಿವೆ. ತೆಳುವಾದ ಸೂಜಿಗಳಿಂದ ತಲೆನೋವು ವಿರಳವಾಗಿದೆ. ಪಾದ ಮತ್ತು ಹರಡಿನ ಶಸ್ತ್ರಚಿಕಿತ್ಸೆಗೆ ಆಯಾ ನರಗಳನ್ನಷ್ಟೇ ಮರಗಟ್ಟಿಸುವ ಆಯ್ಕೆಯೂ ಇದೆ. ಆದರೂ ಮೊಣಕಾಲಿನ ಕೀಲು ಬದಲಾವಣೆಗೆ ಬೆನ್ನಿನ ಅರಿವಳಿಕೆಯೇ ವ್ಯಾಪಕವಾಗಿ ಬಳಕೆಯಲ್ಲಿದೆ. ಬೈಲಹೊಂಗಲ, ಕಿತ್ತೂರು, ಸವದತ್ತಿ, ರಾಮದುರ್ಗಗಳೂ ಸೇರಿದಂತೆ ಕನ್ನಡನಾಡಿನ ಜನ ಬೆನ್ನಿಗೆ ಕೊಡುವ ಇಂಜೆಕ್ಷನ್ ಎಂದು ಗುರುತಿಸುವ ವಿಧಾನ ಇದೇ ಆಗಿದೆ.