ಪುಸ್ತಕ ಹೊತ್ತು ನಡೆದ ಮೇಷ್ಟ್ರು: ಗಳಗನಾಥರು

ಸುವರ್ಣ ಮಹೋತ್ಸವದ ಈ ಸಂಚಿಕೆಗೆ ಮಹನೀಯರೊಬ್ಬರ ಜೀವನ ಪರಿಚಯ ಬರೆದುಕೊಡಬೇಕೆಂದು ಸಂಪಾದಕ ಸಮಿತಿಯವರು ಕೇಳಿದಾಗ ನನಗೆ ಮೊದಲು ನೆನಪಾದವರು ಗಳಗನಾಥರು. ಅವರು ಮೈಸೂರು ಸೀಮೆಯವರಲ್ಲ, ನಿಜ. ಆದರೆ ಹೆಬ್ಬಾಳದ ನಮ್ಮ ಶಾಲೆಯ ಮಕ್ಕಳೂ ಎಲ್ಲರೂ ಈ ಸೀಮೆಯವರಲ್ಲ. ಇಲ್ಲಿನ ಕೈಗಾರಿಕಾ ಪ್ರದೇಶಕ್ಕೆ ಕೆಲಸ ಹುಡುಕಿಕೊಂಡು ಬಂದವರ ಮಕ್ಕಳು ಪ್ರತಿ ವರ್ಷವೂ ನನ್ನ ತರಗತಿಯಲ್ಲಿ ಇರುತ್ತಿದ್ದರು. ಪಠ್ಯಪುಸ್ತಕ ಬಿಟ್ಟರೆ ಬೇರೆ ಪುಸ್ತಕವಿಲ್ಲದ ಮನೆಗಳೇ ಹೆಚ್ಚು. ಅಂಥ ಮಕ್ಕಳಿಗೆ ಕನ್ನಡ ಕಲಿಸಿದ ನನಗೆ, ಪುಸ್ತಕವಿಲ್ಲದ ಮನೆಗಳ ಬಾಗಿಲಿಗೆ ಪುಸ್ತಕ ಹೊತ್ತು ಹೋದ ಈ ಕನ್ನಡ ಶಾಲೆಯ ಮೇಷ್ಟ್ರು ತೀರ ಹತ್ತಿರದವರಾಗಿ ಕಾಣುತ್ತಾರೆ.

ಗಳಗನಾಥರ ನಿಜವಾದ ಹೆಸರು ವೆಂಕಟೇಶ ತಿರಕೋ ಕುಲಕರ್ಣಿ. ಹುಟ್ಟಿದ್ದು 1869ರ ಜನವರಿ 5ರಂದು, ಇಂದಿನ ಹಾವೇರಿ ಜಿಲ್ಲೆಯ ಗಳಗನಾಥ ಎಂಬ ಹಳ್ಳಿಯಲ್ಲಿ. ವರದೆಯು ತುಂಗಭದ್ರೆಯನ್ನು ಸೇರುವ ಜಾಗ ಅದು. ನದಿಯ ದಡದಲ್ಲಿ ಗಳಗೇಶ್ವರನ ಹಳೆಯ ಕಲ್ಲಿನ ಗುಡಿಯಿದೆ. ಆ ಊರಿನ ಹೆಸರನ್ನೇ ಅವರು ತಮ್ಮ ಕಾವ್ಯನಾಮ ಮಾಡಿಕೊಂಡರು. ಧಾರವಾಡದಲ್ಲಿ ಶಿಕ್ಷಕರ ತರಬೇತಿ ಪಡೆದು, ಅದೇ ಸೀಮೆಯ ಕನ್ನಡ ಶಾಲೆಗಳಲ್ಲಿ ಮಾಸ್ತರರಾಗಿ ದುಡಿದರು.

ಆಗ ಆ ಭಾಗವೆಲ್ಲ ಮುಂಬಯಿ ಪ್ರಾಂತ್ಯಕ್ಕೆ ಸೇರಿತ್ತು. ಮರಾಠಿಯ ಪ್ರಭಾವ ಎಷ್ಟಿತ್ತೆಂದರೆ, ಕನ್ನಡ ಮನೆಮಾತಿನವರೂ ನಾಲ್ಕಕ್ಷರ ಕಲಿತ ಮೇಲೆ ಮರಾಠಿ ಕಾದಂಬರಿಯನ್ನೇ ಓದುತ್ತಿದ್ದರು. ಕನ್ನಡದಲ್ಲಿ ಓದಲು ಏನಿದೆ ಎಂಬ ಪ್ರಶ್ನೆಗೆ ಉತ್ತರ ಕೊಡುವುದು ಕಷ್ಟವಿತ್ತು. 1890ರಲ್ಲಿ ಧಾರವಾಡದಲ್ಲಿ ಕರ್ನಾಟಕ ವಿದ್ಯಾವರ್ಧಕ ಸಂಘ ಹುಟ್ಟಿದ್ದೂ ಇಂಥ ಕೊರತೆಯಿಂದಲೇ. ನಮ್ಮ ಮೈಸೂರು ಸೀಮೆಯಲ್ಲಿ ಬಿ. ವೆಂಕಟಾಚಾರ್ಯರು ಬಂಗಾಳಿಯ ಬಂಕಿಮಚಂದ್ರರ ಕಾದಂಬರಿಗಳನ್ನು ಕನ್ನಡಕ್ಕೆ ತಂದು ಓದುಗರನ್ನು ಸೆಳೆಯುತ್ತಿದ್ದರು. ಉತ್ತರದಲ್ಲಿ ಅದೇ ಕೆಲಸಕ್ಕೆ ಗಳಗನಾಥರು ನಿಂತರು. ಅವರು ಆಯ್ದುಕೊಂಡದ್ದು ಮರಾಠಿಯ ಹರಿ ನಾರಾಯಣ ಆಪಟೆಯವರನ್ನು. ಮರಾಠಿ ಓದುವ ಕನ್ನಡಿಗರಿಗೆ ಅದೇ ರುಚಿಯನ್ನು ಕನ್ನಡದಲ್ಲಿ ಉಣಬಡಿಸಿದರೆ ಅವರು ತಮ್ಮ ಭಾಷೆಗೆ ಮರಳುತ್ತಾರೆ ಎಂಬುದು ಅವರ ಲೆಕ್ಕಾಚಾರ ಇದ್ದಿರಬೇಕು.

ಆ ರುಚಿ ಯಾವುದು? ಸಾಹಸದ ರುಚಿ. ಕೋಟೆ, ಕಾಡು, ಗುಪ್ತಚರರು, ಮಾರುವೇಷ, ನಂಬಿಸಿ ಕೈಕೊಟ್ಟವರು, ಕೊಟ್ಟ ಮಾತಿಗೆ ಪ್ರಾಣ ಬಿಟ್ಟವರು. ಇಂಗ್ಲಿಷಿನ ವಾಲ್ಟರ್ ಸ್ಕಾಟ್ 1814ರಲ್ಲಿ ತನ್ನ ಮೊದಲ ಕಾದಂಬರಿ ‘ವೇವರ್ಲಿ’ಯಿಂದ ಹಾಕಿಕೊಟ್ಟ ದಾರಿ ಬಂಗಾಳಕ್ಕೂ ಮಹಾರಾಷ್ಟ್ರಕ್ಕೂ ಬಂದು, ಅಲ್ಲಿಂದ ನಮ್ಮ ತುಂಗಭದ್ರೆಯ ದಡವನ್ನೂ ಮುಟ್ಟಿತು. ಗಳಗನಾಥರ ‘ಕನ್ನಡಿಗರ ಕರ್ಮಕಥೆ’ ಆಪಟೆಯವರ ‘ವಜ್ರಾಘಾತ’ದ ಕನ್ನಡ ರೂಪ. ಅಳಿಯ ರಾಮರಾಯನ ಕಾಲದ ವಿಜಯನಗರ, 1565ರ ಯುದ್ಧ, ಸಾಮ್ರಾಜ್ಯದ ಪತನ ಅದರ ವಸ್ತು. ‘ಮಾಧವ ಕರುಣಾ ವಿಲಾಸ’ದಲ್ಲಿ ಅದೇ ಸಾಮ್ರಾಜ್ಯ ಹುಟ್ಟಿದ ಕಥೆಯನ್ನು ವಿದ್ಯಾರಣ್ಯರನ್ನು ನಡುವೆ ನಿಲ್ಲಿಸಿ ಸ್ವತಂತ್ರವಾಗಿ ಬರೆದರು. ಹಂಪಿಯನ್ನು ಹಾಳು ಕಲ್ಲುಗಳ ರಾಶಿಯಾಗಿ ಮಾತ್ರ ಕಂಡಿದ್ದ ಜನಕ್ಕೆ, ಆ ಬೀದಿಗಳಲ್ಲಿ ಮನುಷ್ಯರು ಓಡಾಡುವುದನ್ನು ತೋರಿಸಿಕೊಟ್ಟವರಲ್ಲಿ ಅವರು ಮೊದಲಿಗರು.

1907ರಲ್ಲಿ ಅಗಡಿಯ ಆನಂದವನದಿಂದ ‘ಸದ್ಬೋಧ ಚಂದ್ರಿಕೆ’ ಎಂಬ ಮಾಸಪತ್ರಿಕೆ ಹೊರಟಿತು. ಗಳಗನಾಥರು ಅದರ ಸಂಪಾದಕರಾಗಿ ದುಡಿದರು. ಅದರಲ್ಲಿ ಅವರ ಕಾದಂಬರಿ ಕಂತು ಕಂತಾಗಿ ಬರತೊಡಗಿತು. ಕಂತಿನ ಕಥೆಯ ಗುಟ್ಟು ಇಂದಿನ ಧಾರಾವಾಹಿ ನೋಡುವವರಿಗೆ ಹೇಳಿಕೊಡಬೇಕಾಗಿಲ್ಲ. ಫ್ರಾನ್ಸಿನಲ್ಲಿ 1844ರಲ್ಲಿ ಅಲೆಕ್ಸಾಂಡರ್ ಡ್ಯೂಮಾನ ಮೂವರು ಬಂದೂಕುಧಾರಿಗಳ ಕಥೆ ದಿನಪತ್ರಿಕೆಯಲ್ಲಿ ಬಂದದ್ದು ಹೀಗೆಯೇ. ಸ್ಟೀವನ್‌ಸನ್‌ನ ‘ಟ್ರೆಷರ್ ಐಲೆಂಡ್’ 1881–82ರಲ್ಲಿ ಮಕ್ಕಳ ಪತ್ರಿಕೆಯಲ್ಲಿ ಮೊದಲು ಬಂದದ್ದೂ ಹೀಗೆಯೇ. ಮುಂದೇನಾಯಿತು ಎಂಬ ಒಂದೇ ಪ್ರಶ್ನೆ ಓದುಗನನ್ನು ಮುಂದಿನ ತಿಂಗಳವರೆಗೆ ಕಾಯಿಸುತ್ತದೆ. ಓದು ಬಾರದ ಮನೆಯ ಹಿರಿಯರು ಓದಬಲ್ಲ ಹುಡುಗನನ್ನು ಕೂರಿಸಿ ಕೇಳುವುದು ಆ ಕಾಲದ ರೂಢಿ. ಒಂದು ಪ್ರತಿ ಒಬ್ಬನಿಗೆ ಎಂಬ ಲೆಕ್ಕ ಅಲ್ಲಿ ನಡೆಯುತ್ತಿರಲಿಲ್ಲ. ಮುಂದೆ ಅವರು ‘ಸದ್ಗುರು’ ಎಂಬ ತಮ್ಮದೇ ಪತ್ರಿಕೆಯನ್ನೂ ನಡೆಸಿದರು.

ಬರೆದು ಅಚ್ಚು ಹಾಕಿಸಿದರೆ ಅರ್ಧ ಕೆಲಸವಾಯಿತು, ಅಷ್ಟೇ. ಪುಸ್ತಕದಂಗಡಿಗಳೇ ಇಲ್ಲದ ಸೀಮೆಯಲ್ಲಿ ಕೊಳ್ಳುವವರು ಎಲ್ಲಿಂದ ಬರಬೇಕು? ಗಳಗನಾಥರು ಪುಸ್ತಕಗಳ ಗಂಟು ಕಟ್ಟಿ, ಹೊತ್ತುಕೊಂಡು ಊರಿಂದ ಊರಿಗೆ ನಡೆದರು. ಮನೆ ಮನೆಯ ಬಾಗಿಲಲ್ಲಿ ನಿಂತು ಮಾರಿದರು. ಆಗಲೇ ಹೆಸರು ಮಾಡಿದ್ದ ಲೇಖಕನಿಗೆ ಇದು ಅವಮಾನವೆಂದು ಅವರಿಗೆ ಅನ್ನಿಸಲಿಲ್ಲ. ಇದರಿಂದ ಅವರೇನೂ ಶ್ರೀಮಂತರಾಗಲಿಲ್ಲ. ಕೊನೆಯವರೆಗೂ ಹಣದ ಅಡಚಣೆ ಅವರನ್ನು ಬಿಡಲಿಲ್ಲ. 1942ರ ಏಪ್ರಿಲ್ 22ರಂದು ತೀರಿಕೊಂಡಾಗ ಅವರಿಗೆ 73 ವರ್ಷ. ನಾಡು ಅವರನ್ನು ಕನ್ನಡ ಕಾದಂಬರಿಯ ಪಿತಾಮಹ ಎಂದು ನೆನೆಯುತ್ತದೆ.

ಅವರ ಕಾದಂಬರಿಗಳನ್ನು ಇಂದಿನ ಮಕ್ಕಳ ಕೈಗೆ ಹಾಗೆಯೇ ಕೊಟ್ಟರೆ ಓದುವುದು ಕಷ್ಟ. ವಾಕ್ಯ ಉದ್ದ, ಸಂಸ್ಕೃತ ಪದ ಹೆಚ್ಚು, ನಡುನಡುವೆ ನೀತಿಬೋಧೆ. ಆದರೆ ಅವರು ಉತ್ತ ಹೊಲದಲ್ಲಿ ಬೆಳೆ ಬಂತು. ‘ದುರ್ಗದ ಬಿಚ್ಚುಗತ್ತಿ’ ಬರೆದವರು ಗಳಗನಾಥರು. ಅದೇ ಚಿತ್ರದುರ್ಗದ ಪಾಳೆಯಗಾರರ ಕಥೆಯನ್ನು ಮುಂದೆ ‘ದುರ್ಗಾಸ್ತಮಾನ’ದ ಎತ್ತರಕ್ಕೆ ಒಯ್ದವರು ತ.ರಾ.ಸು. ಆ ಕೃತಿಗೆ 1985ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂತು. ಎನ್. ನರಸಿಂಹಯ್ಯನವರ ಪತ್ತೇದಾರಿ ಕಾದಂಬರಿಗಳು, ತೇಜಸ್ವಿಯವರ ‘ಕರ್ವಾಲೊ’, ‘ಜುಗಾರಿ ಕ್ರಾಸ್’ಗಳೂ ಬೇರೆ ಬೇರೆ ರೀತಿಯಲ್ಲಿ ಅದೇ ಹಸಿವನ್ನು ತಣಿಸಿದವು.

ಸಾಹಸದ ಕಥೆ ಓದಿದರೆ ಮಕ್ಕಳು ಕೆಡುತ್ತಾರೆ, ಅಂಕ ಕಡಿಮೆಯಾಗುತ್ತದೆ ಎಂದು ಹೇಳುವ ಪೋಷಕರು ಇಂದಿಗೂ ಇದ್ದಾರೆ. ಅವರಿಗೆ ನಾನು ತೋರಿಸುತ್ತಿದ್ದುದು ನಮ್ಮ ಹೆಬ್ಬಾಳಕ್ಕೆ ದೂರವಲ್ಲದ ಯಾದವಗಿರಿಯ ಆರ್.ಕೆ. ನಾರಾಯಣರ ಮನೆಯನ್ನು. ಅವರ ತಂದೆ ಮೈಸೂರಿನ ಮಹಾರಾಜ ಹೈಸ್ಕೂಲಿನ ಮುಖ್ಯೋಪಾಧ್ಯಾಯರು. ಶಾಲೆಯ ಪುಸ್ತಕ ಭಂಡಾರ ಮಗನಿಗೆ ತೆರೆದಿತ್ತು. ಸ್ಕಾಟ್, ಡಿಕನ್ಸ್, ಸಾಹಸ ಕಥೆಗಳ ರೈಡರ್ ಹ್ಯಾಗರ್ಡ್, ಟಾಲ್‌ಸ್ಟಾಯ್, ಹಾರ್ಡಿ ಎಂದು ಮೇಲು ಕೀಳಿನ ಎಣಿಕೆಯಿಲ್ಲದೆ ಓದಿದ ಹುಡುಗ ಕಾಲೇಜು ಪ್ರವೇಶ ಪರೀಕ್ಷೆಯಲ್ಲಿ ಇಂಗ್ಲಿಷಿನಲ್ಲೇ ನಪಾಸಾದ. ಆದರೆ ಅವನ ಇಂಗ್ಲಿಷನ್ನು ಮುಂದೆ ಪ್ರಪಂಚವೇ ಓದಿತು.

ನನ್ನ ಅನುಭವವೂ ಒಂದಿಷ್ಟಿದೆ. ಹಿಂದೆ ನಾನಿದ್ದ ಒಂದು ಶಾಲೆಯಲ್ಲಿ ಪುಸ್ತಕದ ಬೀರುವಿಗೆ ವರ್ಷವಿಡೀ ಬೀಗ. ಪುಸ್ತಕ ಕಳೆದರೆ ಲೆಕ್ಕ ಕೊಡಬೇಕಾಗುತ್ತದೆಂಬ ಭಯ. ಹೆಬ್ಬಾಳಕ್ಕೆ ಬಂದ ಮೇಲೆ ಬಿಸಿಯೂಟದ ನಂತರದ ಬಿಡುವಿನಲ್ಲಿ ಬೀರು ತೆರೆದಿಡುವ ಅವಕಾಶ ನನಗೆ ಸಿಕ್ಕಿತು. ಮಕ್ಕಳು ಮೊದಲು ಕೈ ಹಾಕುತ್ತಿದ್ದುದು ರಾಬಿನ್‌ಸನ್ ಕ್ರೂಸೋನ ಚಿಕ್ಕ ಪುಸ್ತಕಕ್ಕೆ, ಆಮೇಲೆ ‘ಜುಗಾರಿ ಕ್ರಾಸ್’ಗೆ. ಒಬ್ಬಂಟಿಯಾಗಿ ದ್ವೀಪದಲ್ಲಿ ಸಿಕ್ಕಿಕೊಂಡವನು ತನ್ನ ಬುದ್ಧಿಯಿಂದಲೇ ಬದುಕುವುದನ್ನು, ಹೊಸ ಊರಿನಲ್ಲಿ ಅಪ್ಪ ಅಮ್ಮ ಇಬ್ಬರೂ ಕೆಲಸಕ್ಕೆ ಹೋದ ಮೇಲೆ ಮನೆ ನೋಡಿಕೊಳ್ಳುವ ಮಗುವಿಗೆ ಯಾರೂ ವಿವರಿಸಬೇಕಾಗಿಲ್ಲ. ಅಲ್ಲಿಂದ ಮುಂದೆ ಜೀವನ ಚರಿತ್ರೆ, ವಿಜ್ಞಾನ, ಪ್ರವಾಸ ಕಥನಗಳಿಗೆ ಕೆಲವರಾದರೂ ದಾಟಿಕೊಂಡರು. ಕೆಲವು ಪುಸ್ತಕಗಳು ಕಳೆದುಹೋದವು, ಇನ್ನು ಕೆಲವು ಹರಿದವು. ಹರಿದ ಪುಸ್ತಕ ಓದಿಸಿಕೊಂಡ ಪುಸ್ತಕ ಎಂದೇ ನಾನು ತಿಳಿಯುತ್ತೇನೆ.

ಈ ಶಾಲೆಯ ಹಳೆಯ ವಿದ್ಯಾರ್ಥಿಗಳು ಸುವರ್ಣ ಮಹೋತ್ಸವದ ನೆನಪಿಗೆ ಏನು ಕೊಡಬೇಕೆಂದು ನನ್ನನ್ನು ಕೇಳುತ್ತಿದ್ದಾರೆ. ಒಬ್ಬೊಬ್ಬರೂ ತಾವು ಚಿಕ್ಕಂದಿನಲ್ಲಿ ಊಟ ನಿದ್ದೆ ಮರೆತು ಓದಿದ ಒಂದು ಪುಸ್ತಕ ತನ್ನಿ. ಅದು ದೊಡ್ಡ ಸಾಹಿತ್ಯವೋ ಅಲ್ಲವೋ ಎಂದು ಯೋಚಿಸಬೇಡಿ. ಗಳಗನಾಥರು ಗಂಟು ಹೊತ್ತು ಹಳ್ಳಿಗಳನ್ನು ಸುತ್ತಿದರು. ನಾವು ಹೆಬ್ಬಾಳದ ಶಾಲೆಯ ಬಾಗಿಲವರೆಗೆ ಒಂದು ಪುಸ್ತಕ ತಂದರೆ ಸಾಕು.