ಸಂಗೀತವನ್ನು ಬರೆದು ತೋರಿಸಿದ ನಾರ್ಮನ್ ಮೆಕ್‌ಲಾರೆನ್

ಹಾಡು ಕೇಳಲು ಕಿವಿ ಬೇಕು, ಚಿತ್ರ ನೋಡಲು ಕಣ್ಣು ಬೇಕು. ಆದರೆ ಶಬ್ದವನ್ನೇ ಲೇಖನಿಯಿಂದ ಬರೆದ ಕಲಾವಿದರೊಬ್ಬರಿದ್ದರು ಎಂದರೆ ನಂಬುವಿರಾ? ಅವರೇ ನಾರ್ಮನ್ ಮೆಕ್‌ಲಾರೆನ್.

ಇವರು 1914ರ ಏಪ್ರಿಲ್ 11ರಂದು ಸ್ಕಾಟ್ಲೆಂಡಿನ ಸ್ಟರ್ಲಿಂಗ್ ಪಟ್ಟಣದಲ್ಲಿ ಜನಿಸಿದರು. ಗ್ಲಾಸ್ಗೋ ಕಲಾಶಾಲೆಯಲ್ಲಿ ಓದುವಾಗ ಚಲನಚಿತ್ರ ಮಾಡುವ ಆಸೆಯಾಯಿತು, ಆದರೆ ಕೈಯಲ್ಲಿ ಕ್ಯಾಮೆರಾ ಇರಲಿಲ್ಲ. ಹಳೆಯ ಫಿಲಂ ಸುರುಳಿಯೊಂದನ್ನು ನೀರಿನಲ್ಲಿ ನೆನೆಸಿ, ಅದರಲ್ಲಿದ್ದ ಚಿತ್ರಗಳನ್ನು ತೊಳೆದು ತೆಗೆದು, ಬರಿದಾದ ಫಿಲಂ ಮೇಲೆ ನೇರವಾಗಿ ಬಣ್ಣ ಹಚ್ಚಿದರು. ಇಲ್ಲದ್ದಕ್ಕೆ ಕೊರಗದೆ ಇರುವುದರಲ್ಲೇ ದಾರಿ ಹುಡುಕುವ ಈ ಗುಣ ಅವರಲ್ಲಿ ಕೊನೆಯವರೆಗೂ ಉಳಿಯಿತು.

1936ರಲ್ಲಿ ಸ್ಪೇನಿನ ಅಂತರ್ಯುದ್ಧವನ್ನು ಚಿತ್ರೀಕರಿಸಲು ಹೋದರು. ಅಲ್ಲಿ ಕಂಡ ಸಾವು ನೋವು ಅವರ ಮನಸ್ಸನ್ನು ಕಲಕಿತು. ಮುಂದೆ ಜೀವನವಿಡೀ ಅವರು ಶಾಂತಿಯ ಪರವಾಗಿ ನಿಂತರು. 1939ರಲ್ಲಿ ನ್ಯೂಯಾರ್ಕಿಗೆ ತೆರಳಿ, 1941ರಲ್ಲಿ ಕೆನಡಾದ ರಾಷ್ಟ್ರೀಯ ಚಲನಚಿತ್ರ ಮಂಡಳಿಯನ್ನು ಸೇರಿದರು.

ಅಂದಿನ ಫಿಲಂನ ಅಂಚಿನಲ್ಲಿ ಶಬ್ದಕ್ಕೆಂದೇ ಒಂದು ಕಿರಿದಾದ ಪಟ್ಟಿ ಇರುತ್ತಿತ್ತು. ಪ್ರೊಜೆಕ್ಟರಿನ ಬೆಳಕು ಅದರ ಮೂಲಕ ಹಾಯುವಾಗ ಆಗುವ ಬೆಳಕಿನ ಏರಿಳಿತವೇ ಶಬ್ದವಾಗುತ್ತಿತ್ತು. ಮೆಕ್‌ಲಾರೆನ್ ಆ ಪಟ್ಟಿಯ ಮೇಲೂ ಗೆರೆ ಎಳೆದರು. ಗೆರೆಗಳು ಒತ್ತೊತ್ತಾಗಿದ್ದರೆ ಸ್ವರ ಏರುತ್ತದೆ, ದೂರದೂರವಿದ್ದರೆ ಇಳಿಯುತ್ತದೆ. 1940ರ ‘ಡಾಟ್ಸ್’ ಚಿತ್ರದಲ್ಲಿ ನೋಟ, ಶಬ್ದ ಎರಡೂ ಅವರ ಕೈಬರಹವೇ. 1971ರ ‘ಸಿಂಕ್ರೊಮಿ’ಯಲ್ಲಿ ಸ್ವರ ಹುಟ್ಟಿಸುವ ಪಟ್ಟೆಗಳನ್ನೇ ಬಣ್ಣ ತುಂಬಿ ತೆರೆಯ ಮೇಲೂ ತೋರಿಸಿದರು. ಅಲ್ಲಿ ಕಿವಿ ಕೇಳಿದ್ದನ್ನೇ ಕಣ್ಣು ಕಾಣುತ್ತದೆ! ಮುಂದೆ ವಿಡಿಯೋ ಕಲಾವಿದರು ಶಬ್ದದ ಸಂಕೇತವನ್ನು ಟಿ.ವಿ.ಗೆ ಹರಿಸಿ ಚಿತ್ರ ಮೂಡಿಸಿದ್ದೂ ಇಂಥದೇ ಪ್ರಯೋಗ.

1952ರ ‘ನೇಬರ್ಸ್’ ಅವರ ಅತಿ ಪ್ರಸಿದ್ಧ ಚಿತ್ರ. ಎರಡು ಮನೆಗಳ ನಡುವೆ ಒಂದು ಹೂವು ಅರಳುತ್ತದೆ. ಅದು ತನ್ನದೆಂದು ಇಬ್ಬರು ನೆರೆಯವರು ಜಗಳವಾಡಿ, ಕೊನೆಗೆ ಇಬ್ಬರೂ ಸಾಯುತ್ತಾರೆ. ಮಾತೇ ಇಲ್ಲದ, ಸುಮಾರು ಎಂಟು ನಿಮಿಷದ ಈ ಚಿತ್ರದ ಶಬ್ದವೂ ಅವರದೇ ಸೃಷ್ಟಿ. ಅದಕ್ಕೆ 1953ರಲ್ಲಿ ಆಸ್ಕರ್ ಪ್ರಶಸ್ತಿ ಬಂತು.

ಯುನೆಸ್ಕೋ ಪರವಾಗಿ ಅವರು ಚೀನಾಕ್ಕೂ, 1952-53ರಲ್ಲಿ ನಮ್ಮ ಭಾರತಕ್ಕೂ ಹೋಗಿ ತಮ್ಮ ವಿದ್ಯೆಯನ್ನು ಕಲಿಸಿದರು. 1987ರ ಜನವರಿ 27ರಂದು ಮಾಂಟ್ರಿಯಲ್‌ನಲ್ಲಿ ನಿಧನರಾದರು.

ಮಕ್ಕಳೇ, ಇಂದು ನಮ್ಮ ಕೈಯಲ್ಲಿರುವ ಫೋನಿನಲ್ಲೇ ಕ್ಯಾಮೆರಾ ಇದೆ. ಮೆಕ್‌ಲಾರೆನ್ ಅವರ ಬಳಿ ಮೊದಲಿಗೆ ಇದ್ದದ್ದು ತೊಳೆದ ಫಿಲಂ ಮತ್ತು ಬಣ್ಣ ಮಾತ್ರ. ಜೊತೆಗೆ, ಹೇಳಲೇಬೇಕಾದ ಒಂದು ಮಾತೂ ಇತ್ತು: ಒಂದು ಹೂವಿಗಾಗಿ ನೆರೆಯವನನ್ನು ಕಳೆದುಕೊಳ್ಳಬಾರದು.