ಯುದ್ಧಭೂಮಿಯಲ್ಲಿ ಗುರುತ್ವದ ಗಣಿತ: ಕಾರ್ಲ್ ಶ್ವಾರ್ಜ್‌ಶಿಲ್ಡ್ ಬದುಕಿನ ಕೊನೆಯ ತಿಂಗಳುಗಳು

1915ರ ಡಿಸೆಂಬರ್ 22. ಮೊದಲ ಮಹಾಯುದ್ಧ ಆರಂಭವಾಗಿ ಹದಿನಾರು ತಿಂಗಳುಗಳು ಕಳೆದಿದ್ದವು. ಜರ್ಮನ್ ಸೇನೆಯಲ್ಲಿ ಫಿರಂಗಿ ಗುಂಡುಗಳ ಪಥವನ್ನು ಲೆಕ್ಕಹಾಕುತ್ತಿದ್ದ, ನಲವತ್ತೆರಡು ವರ್ಷ ವಯಸ್ಸಿನ ಅಧಿಕಾರಿಯೊಬ್ಬರು ಅಂದು ಯುದ್ಧಭೂಮಿಯಿಂದ ಬರ್ಲಿನ್‌ನಲ್ಲಿದ್ದ ಆಲ್ಬರ್ಟ್ ಐನ್‌ಸ್ಟೈನ್ ಅವರಿಗೆ ಪತ್ರವೊಂದನ್ನು ಬರೆದರು. ಐನ್‌ಸ್ಟೈನ್ ಹಿಂದಿನ ತಿಂಗಳಷ್ಟೇ ಮಂಡಿಸಿದ್ದ ಸಾಮಾನ್ಯ ಸಾಪೇಕ್ಷತಾ ಸಿದ್ಧಾಂತದ ಸಮೀಕರಣಗಳಿಗೆ ಮೊತ್ತಮೊದಲ ನಿಖರ ಪರಿಹಾರ ಆ ಪತ್ರದಲ್ಲಿತ್ತು. ಇಂದು ಕಪ್ಪುಕುಳಿ ಎಂದು ನಾವು ಕರೆಯುವ ವಿಸ್ಮಯದ ಗಣಿತ ಹುಟ್ಟಿದ್ದು ಹಾಗೆ. ಪತ್ರ ಬರೆದವರು ಕಾರ್ಲ್ ಶ್ವಾರ್ಜ್‌ಶಿಲ್ಡ್. ಅವರಿಗೆ ಉಳಿದಿದ್ದ ಆಯುಸ್ಸು ಐದು ತಿಂಗಳಿಗೂ ಕಡಿಮೆ.

ಜರ್ಮನ್ ಭಾಷೆಯಲ್ಲಿ ಅವರ ಮನೆತನದ ಹೆಸರಿಗೆ ಕಪ್ಪು ಗುರಾಣಿ ಎಂಬ ಅರ್ಥವಿದೆ. ಇದು ಕೇವಲ ಕಾಕತಾಳೀಯ. ಆದರೆ ಬೆಳಕನ್ನೂ ಹೊರಬಿಡದ ಕಾಯಗಳ ಚರ್ಚೆಯಲ್ಲಿ ಈ ಹೆಸರು ಬಂದಾಗಲೆಲ್ಲ ಸೋಜಿಗವೆನಿಸದೆ ಇರದು.

ಶ್ವಾರ್ಜ್‌ಶಿಲ್ಡ್ ಜನಿಸಿದ್ದು 1873ರ ಅಕ್ಟೋಬರ್ 9ರಂದು, ಫ್ರಾಂಕ್‌ಫರ್ಟ್ ನಗರದ ಅನುಕೂಲಸ್ಥ ಯಹೂದಿ ಕುಟುಂಬದಲ್ಲಿ. ಆರು ಮಕ್ಕಳಲ್ಲಿ ಅವರೇ ಹಿರಿಯರು. ಮನೆಯಲ್ಲಿ ಸಂಗೀತ, ಕಲೆಗಳಿಗೆ ಬಹಳ ಪ್ರೋತ್ಸಾಹವಿತ್ತು. ವಿಜ್ಞಾನದತ್ತ ಹೊರಳಿದವರಲ್ಲಿ ಕಾರ್ಲ್ ಮೊದಲಿಗರು. ಬಾಲಕನಾಗಿದ್ದಾಗಲೇ ಕೈಖರ್ಚಿನ ಹಣವನ್ನು ಉಳಿಸಿ ಮಸೂರಗಳನ್ನು ಕೊಂಡು ದೂರದರ್ಶಕವೊಂದನ್ನು ತಯಾರಿಸಿಕೊಂಡಿದ್ದರು. ಪರಸ್ಪರ ಸುತ್ತುವ ಜೋಡಿ ನಕ್ಷತ್ರಗಳ ಕಕ್ಷೆಗಳನ್ನು ಕುರಿತ ಅವರ ಎರಡು ಪ್ರಬಂಧಗಳು 1890ರಲ್ಲಿ ಜರ್ಮನಿಯ ಪ್ರಮುಖ ಖಗೋಳ ಪತ್ರಿಕೆಯಲ್ಲಿ ಪ್ರಕಟವಾದಾಗ ಅವರಿಗೆ ಕೇವಲ ಹದಿನಾರು ವರ್ಷ.

ಸ್ಟ್ರಾಸ್‌ಬರ್ಗ್ ಮತ್ತು ಮ್ಯೂನಿಕ್ ವಿಶ್ವವಿದ್ಯಾಲಯಗಳಲ್ಲಿ ವ್ಯಾಸಂಗ ನಡೆಸಿ 1896ರಲ್ಲಿ ಡಾಕ್ಟರೇಟ್ ಪಡೆದ ಅವರು ವಿಯೆನ್ನಾದ ಕುಫ್ನರ್ ವೀಕ್ಷಣಾಲಯದಲ್ಲಿ ಮೂರು ವರ್ಷ ಸಹಾಯಕರಾಗಿ ದುಡಿದರು. ನಕ್ಷತ್ರಗಳ ಪ್ರಕಾಶವನ್ನು ಕಣ್ಣಂದಾಜಿನಿಂದ ಅಳೆಯುವ ರೂಢಿಯೇ ಆಗ ಪ್ರಬಲವಾಗಿತ್ತು. ಛಾಯಾಚಿತ್ರ ಫಲಕದ ಮೇಲೆ ನಕ್ಷತ್ರ ಮೂಡಿಸುವ ಕಪ್ಪು ಕಲೆಯನ್ನು ಅಳೆದು ಪ್ರಕಾಶವನ್ನು ನಿರ್ಧರಿಸುವ ವಿಧಾನವನ್ನು ಶ್ವಾರ್ಜ್‌ಶಿಲ್ಡ್ ರೂಪಿಸಿದರು. 367 ನಕ್ಷತ್ರಗಳನ್ನು ಹೀಗೆ ಅಳೆದರು. ಮಂದ ಬೆಳಕಿಗೆ ಫಲಕವನ್ನು ಹೆಚ್ಚು ಹೊತ್ತು ಒಡ್ಡಿದರೂ ನಿರೀಕ್ಷಿಸಿದಷ್ಟು ಕಪ್ಪಾಗದು ಎಂಬ ಸಂಗತಿಗೆ ಅವರು ಕೊಟ್ಟ ನಿಯಮ ಇಂದಿಗೂ ಅವರ ಹೆಸರಿನಲ್ಲಿದೆ. ಅವರನ್ನು ಕಪ್ಪುಕುಳಿಯ ಗಣಿತಜ್ಞರೆಂದು ಮಾತ್ರ ಗುರುತಿಸುವವರು ಈ ವೀಕ್ಷಕನನ್ನು ಮರೆಯುತ್ತಾರೆ.

ಐನ್‌ಸ್ಟೈನ್ ಅವರ ಹೆಸರನ್ನು ಲೋಕ ಇನ್ನೂ ಕೇಳಿರದ 1900ರಲ್ಲೇ, ನಾವಿರುವ ಅವಕಾಶವು ಬಾಗಿರಬಹುದೇ ಎಂಬ ಪ್ರಶ್ನೆಯನ್ನು ಶ್ವಾರ್ಜ್‌ಶಿಲ್ಡ್ ಕೈಗೆತ್ತಿಕೊಂಡಿದ್ದರು. ಬಾಗಿದ್ದರೂ ಆ ಬಾಗು ಎಷ್ಟನ್ನು ಮೀರಲಾರದೆಂದು ನಕ್ಷತ್ರಗಳ ಅಳತೆಗಳಿಂದಲೇ ಅಂದಾಜು ಮಾಡಿದ್ದರು. ಹದಿನೈದು ವರ್ಷಗಳ ನಂತರ ಬಂದ ಹೊಸ ಸಿದ್ಧಾಂತವನ್ನು ಅವರು ಅಷ್ಟು ಬೇಗ ಅರಗಿಸಿಕೊಂಡದ್ದರಲ್ಲಿ ಆಶ್ಚರ್ಯವಿಲ್ಲ.

1901ರಲ್ಲಿ ಗಟಿಂಗೆನ್ ವೀಕ್ಷಣಾಲಯದ ಮುಖ್ಯಸ್ಥರ ಹುದ್ದೆ ಅರಸಿ ಬಂತು. ಹಿಂದೆ ಮಹಾಗಣಿತಜ್ಞ ಗೌಸ್ ಅಲಂಕರಿಸಿದ್ದ ಸ್ಥಾನವದು. ಹಿಲ್ಬರ್ಟ್, ಕ್ಲೈನ್, ಮಿಂಕೋವ್‌ಸ್ಕಿ ಅವರಂಥ ಧೀಮಂತರ ಒಡನಾಟ ಅಲ್ಲಿ ದೊರೆಯಿತು. 1905ರ ಸಂಪೂರ್ಣ ಸೂರ್ಯಗ್ರಹಣವನ್ನು ವೀಕ್ಷಿಸಲು ಅವರು ಅಲ್ಜೀರಿಯಾಕ್ಕೂ ಹೋಗಿಬಂದರು. 1909ರಲ್ಲಿ ಎಲ್ಸೆ ರೋಸೆನ್‌ಬಾಖ್ ಅವರನ್ನು ವರಿಸಿದ ಶ್ವಾರ್ಜ್‌ಶಿಲ್ಡ್ ಅದೇ ವರ್ಷ ಪಾಟ್ಸ್‌ಡಾಮ್‌ನ ಖಗೋಳಭೌತ ವೀಕ್ಷಣಾಲಯದ ನಿರ್ದೇಶಕರಾದರು. ಜರ್ಮನಿಯಲ್ಲಿ ಖಗೋಳ ವಿಜ್ಞಾನಿಯೊಬ್ಬರು ಬಯಸಬಹುದಾಗಿದ್ದ ಅತ್ಯುನ್ನತ ಹುದ್ದೆಗಳಲ್ಲಿ ಅದೂ ಒಂದು. ಮೂವರು ಮಕ್ಕಳಾದರು.

1914ರ ಆಗಸ್ಟ್‌ನಲ್ಲಿ ಯುದ್ಧ ಘೋಷಣೆಯಾದಾಗ ಅವರ ವಯಸ್ಸು ನಲವತ್ತು ದಾಟಿತ್ತು. ಸೇನೆಗೆ ಸೇರಲೇಬೇಕೆಂಬ ಒತ್ತಾಯ ಅವರಿಗಿರಲಿಲ್ಲ. ಆದರೂ ಸ್ವಯಂಪ್ರೇರಿತರಾಗಿ ಸೇರಿದರು. ಬೆಲ್ಜಿಯಂನ ನಾಮೂರ್‌ನಲ್ಲಿ ಹವಾಮಾನ ಕೇಂದ್ರದ ಹೊಣೆ, ಬಳಿಕ ಫ್ರಾನ್ಸ್ ಮತ್ತು ರಷ್ಯಾ ರಣರಂಗಗಳಲ್ಲಿ ಫಿರಂಗಿ ದಳದ ಲೆಕ್ಕಾಚಾರ ಅವರ ಪಾಲಿಗೆ ಬಂದವು. ಗಾಳಿಯ ವೇಗ, ಸಾಂದ್ರತೆಗಳು ಗುಂಡಿನ ಪಥವನ್ನು ಹೇಗೆ ಬದಲಿಸುತ್ತವೆ ಎಂಬ ಬಗ್ಗೆ ಅವರು ಬರೆದ ಪ್ರಬಂಧವನ್ನು 1920ರವರೆಗೂ ಗೋಪ್ಯವಾಗಿಡಲಾಗಿತ್ತು. ಒಬ್ಬ ಮೇಧಾವಿ ಇಂಥ ಕೆಲಸಕ್ಕೆ ತನ್ನನ್ನು ತಾನೇ ಒಪ್ಪಿಸಿಕೊಂಡದ್ದು ಈಗ ಓದುವವರಿಗೆ ಕಸಿವಿಸಿ ಉಂಟುಮಾಡುತ್ತದೆ. ಆದರೆ ದೇಶನಿಷ್ಠೆಯನ್ನು ಪದೇ ಪದೇ ಸಾಬೀತುಪಡಿಸಬೇಕಾದ ಸ್ಥಿತಿಯಲ್ಲಿದ್ದ ಅಂದಿನ ಜರ್ಮನಿಯ ಯಹೂದಿಗಳ ಪಾಡನ್ನು ಮರೆತು ಈ ನಿರ್ಧಾರವನ್ನು ತೂಗುವುದು ಸರಿಯಾಗದು.

ಬುಧ ಗ್ರಹದ ಕಕ್ಷೆ ಶತಮಾನಕ್ಕೆ 43 ಆರ್ಕ್‌ಸೆಕೆಂಡ್‌ನಷ್ಟು ಹೆಚ್ಚುವರಿಯಾಗಿ ತಿರುಗುವುದೇಕೆ ಎಂಬುದು ಆಗಿನ ಬಗೆಹರಿಯದ ಒಗಟು. ಒಂದು ಡಿಗ್ರಿಯ 3,600ನೇ ಒಂದು ಭಾಗವೇ ಆರ್ಕ್‌ಸೆಕೆಂಡ್. ಐನ್‌ಸ್ಟೈನ್ 1915ರ ನವೆಂಬರ್ 18ರಂದು ಇದಕ್ಕೆ ಉತ್ತರವಿತ್ತಿದ್ದರು, ಆದರೆ ಅಂದಾಜಿನ ಲೆಕ್ಕದಿಂದ. ಪರಸ್ಪರ ಹೆಣೆದುಕೊಂಡಿದ್ದ ಅವರ ಸಮೀಕರಣಗಳನ್ನು ನಿಖರವಾಗಿ ಬಿಡಿಸಬಹುದೆಂಬ ಭರವಸೆ ಸ್ವತಃ ಅವರಿಗೇ ಇರಲಿಲ್ಲ. ಶ್ವಾರ್ಜ್‌ಶಿಲ್ಡ್ ಪ್ರಶ್ನೆಯನ್ನು ಸರಳಗೊಳಿಸಿದರು. ತಿರುಗದ, ಗೋಲಾಕಾರದ ಒಂದೇ ಒಂದು ಕಾಯ; ಅದರ ಸುತ್ತ ಬರಿಯ ಶೂನ್ಯ. ಅಲ್ಲಿ ದೂರ ಮತ್ತು ಕಾಲ ಹೇಗೆ ವರ್ತಿಸುತ್ತವೆ? ಉತ್ತರ ಕೆಲವೇ ಸಾಲುಗಳಲ್ಲಿ ಅಡಗಿತು. ಬುಧನ 43 ಆರ್ಕ್‌ಸೆಕೆಂಡ್ ಅದರಿಂದಲೂ ದೊರೆಯಿತು. ಯುದ್ಧದ ನಡುವೆಯೂ ಇಂಥದೊಂದು ವಿಹಾರ ತಮಗೆ ಸಾಧ್ಯವಾಯಿತೆಂದು ಪತ್ರದಲ್ಲಿ ಹರ್ಷ ವ್ಯಕ್ತಪಡಿಸಿದ್ದರು. ಐನ್‌ಸ್ಟೈನ್ ಬೆರಗಾದರು, 1916ರ ಜನವರಿ 13ರಂದು ಪ್ರಬಂಧವನ್ನು ತಾವೇ ಪ್ರಷ್ಯನ್ ವಿಜ್ಞಾನ ಅಕಾಡೆಮಿಯ ಮುಂದಿಟ್ಟರು.

ಆ ಪರಿಹಾರದ ಪ್ರಕಾರ, ಗುರುತ್ವ ಪ್ರಬಲವಾಗಿರುವಲ್ಲಿ ಗಡಿಯಾರ ನಿಧಾನವಾಗಿ ನಡೆಯುತ್ತದೆ. ಇದು ಪುಸ್ತಕದ ಬದನೆಕಾಯಿಯಲ್ಲ. ಫೋನಿನಲ್ಲಿ ದಾರಿ ತೋರಿಸುವ ಜಿಪಿಎಸ್ ಉಪಗ್ರಹಗಳ ಗಡಿಯಾರಗಳು ನೆಲದ ಗಡಿಯಾರಗಳಿಗಿಂತ ದಿನಕ್ಕೆ 45 ಮೈಕ್ರೋಸೆಕೆಂಡ್ ಮುಂದೋಡುತ್ತವೆ. ಉಪಗ್ರಹದ ವೇಗದಿಂದ ಆಗುವ 7 ಮೈಕ್ರೋಸೆಕೆಂಡ್ ಹಿನ್ನಡೆಯನ್ನು ಕಳೆದರೂ 38 ಉಳಿಯುತ್ತದೆ. ಅದನ್ನು ಸರಿಪಡಿಸದಿದ್ದರೆ ನಾವು ಕರೆದ ಆಟೋ ಬೇರಾವುದೋ ಬಡಾವಣೆಯಲ್ಲಿ ಹೋಗಿ ನಿಂತೀತು.

ಫೆಬ್ರವರಿ 24ರಂದು ಮಂಡನೆಯಾದ ಎರಡನೆಯ ಪ್ರಬಂಧ ಕಾಯದ ಒಳಭಾಗವನ್ನು ಕುರಿತದ್ದು. ಪ್ರತಿ ರಾಶಿಗೂ ಒಂದು ನಿರ್ದಿಷ್ಟ ತ್ರಿಜ್ಯವಿದೆ. ಸೂರ್ಯನ ಪಾಲಿಗೆ ಅದು ಸುಮಾರು 3 ಕಿಲೋಮೀಟರ್. ಭೂಮಿಯ ಪಾಲಿಗೆ ಕೇವಲ 9 ಮಿಲಿಮೀಟರ್, ಅಂದರೆ ಇಡೀ ಭೂಮಿಯನ್ನು ಸಣ್ಣ ನೆಲ್ಲಿಕಾಯಿಯಷ್ಟಕ್ಕೆ ಹಿಂಡಬೇಕು. ಅಷ್ಟು ಕುಗ್ಗಿದ ಕಾಯದಿಂದ ಬೆಳಕೂ ತಪ್ಪಿಸಿಕೊಳ್ಳದು. ದೂರದಿಂದ ನೋಡುವವರಿಗೆ ಆ ಎಲ್ಲೆಯ ಬಳಿ ಗಡಿಯಾರ ನಿಂತೇಹೋದಂತೆ ಕಾಣುತ್ತದೆ. ಒಳಗೆ ಬೀಳುವವನ ಗಡಿಯಾರ ಮಾತ್ರ ಎಂದಿನಂತೆ ನಡೆಯುತ್ತಿರುತ್ತದೆ. ಇದೆಲ್ಲದರ ಪೂರ್ಣ ಅರ್ಥ ಶ್ವಾರ್ಜ್‌ಶಿಲ್ಡ್ ಅವರಿಗೆ ಹೊಳೆದಿರಲಿಲ್ಲ. ನಕ್ಷತ್ರವನ್ನು ಆ ಮಟ್ಟಕ್ಕೆ ಹಿಂಡಲಾಗದು, ಅದಕ್ಕೂ ಮೊದಲೇ ಒಳಗಿನ ಒತ್ತಡ ಅನಂತವಾಗುತ್ತದೆ ಎಂಬುದೇ ಅವರ ಲೆಕ್ಕದ ಫಲವಾಗಿತ್ತು. ಆದ್ದರಿಂದ ಕಪ್ಪುಕುಳಿಯನ್ನು ಕಂಡುಹಿಡಿದವರು ಅವರೇ ಎನ್ನುವುದು ಅತಿಶಯೋಕ್ತಿ. ಐನ್‌ಸ್ಟೈನ್ ಸಹ 1939ರಲ್ಲೂ ಅಂಥ ಕಾಯಗಳ ಅಸ್ತಿತ್ವವನ್ನು ಒಪ್ಪಲಿಲ್ಲ.

ಆ ಹೊತ್ತಿಗಾಗಲೇ ಪೆಂಫಿಗಸ್ ಎಂಬ ವ್ಯಾಧಿ ಅವರನ್ನು ಆವರಿಸಿತ್ತು. ದೇಹದ ರಕ್ಷಣಾ ವ್ಯವಸ್ಥೆ ತನ್ನದೇ ಚರ್ಮದ ಮೇಲೆ ಎರಗಿ, ಮೈಮೇಲೂ ಬಾಯಲ್ಲೂ ನೋವಿನ ಗುಳ್ಳೆಗಳೇಳುವ ಕಾಯಿಲೆಯದು. ಆಗ ಅದಕ್ಕೆ ಮದ್ದಿರಲಿಲ್ಲ. ಆ ಸ್ಥಿತಿಯಲ್ಲೇ ಅವರು ಮೂರನೆಯ ಪ್ರಬಂಧವನ್ನು ಬರೆದರು. ಅದರ ವಸ್ತು ಗುರುತ್ವವಲ್ಲ, ಕ್ವಾಂಟಂ. ವಿದ್ಯುತ್ ಕ್ಷೇತ್ರದಲ್ಲಿಟ್ಟ ಪರಮಾಣುವಿನ ರೋಹಿತ ರೇಖೆಗಳು ಸೀಳುವುದೇಕೆ ಎಂಬುದನ್ನು, ಗ್ರಹಗಳ ಚಲನೆಗೆ ಖಗೋಳಜ್ಞರು ಬಳಸುತ್ತಿದ್ದ ಗಣಿತದಿಂದಲೇ ಅದು ವಿವರಿಸಿತು. ಮಾರ್ಚ್‌ನಲ್ಲಿ ಅವರನ್ನು ಸೇನೆಯಿಂದ ಮನೆಗೆ ಕಳುಹಿಸಲಾಯಿತು. 1916ರ ಮೇ 11ರಂದು ಪಾಟ್ಸ್‌ಡಾಮ್‌ನಲ್ಲಿ ಕೊನೆಯುಸಿರೆಳೆದರು. ಕ್ವಾಂಟಂ ಪ್ರಬಂಧ ಅಚ್ಚಾಗಿ ಹೊರಬಂದದ್ದೂ ಅದೇ ದಿನ. ಗಟಿಂಗೆನ್‌ನಲ್ಲಿ ಅವರ ಸಮಾಧಿಯಿದೆ.

ತಂದೆ ತೀರಿಕೊಂಡಾಗ ಮಗ ಮಾರ್ಟಿನ್‌ಗೆ ನಾಲ್ಕು ವರ್ಷವೂ ತುಂಬಿರಲಿಲ್ಲ. ಆತನೂ ಖಗೋಳ ವಿಜ್ಞಾನಿಯಾದರು. ಆದರೆ ಯಾವ ದೇಶಕ್ಕಾಗಿ ತಂದೆ ಸಮವಸ್ತ್ರ ತೊಟ್ಟಿದ್ದರೋ ಆ ದೇಶವನ್ನು ನಾಜಿ ಆಡಳಿತದಲ್ಲಿ, 1936ರಲ್ಲಿ ಮಗ ತೊರೆಯಬೇಕಾಯಿತು. ಎರಡನೆಯ ಮಹಾಯುದ್ಧದಲ್ಲಿ ಮಾರ್ಟಿನ್ ಸೇವೆ ಸಲ್ಲಿಸಿದ್ದು ಅಮೆರಿಕದ ಸೇನೆಯಲ್ಲಿ.

ನಕ್ಷತ್ರಗಳು ನಿಜಕ್ಕೂ ಕುಸಿಯಬಲ್ಲವೆಂದು ಒಪೆನ್‌ಹೈಮರ್ ಮತ್ತು ಸ್ನೈಡರ್ 1939ರಲ್ಲಿ ತೋರಿಸಿದರು. ಕಪ್ಪುಕುಳಿ ಎಂಬ ಹೆಸರು ಬಳಕೆಗೆ ಬಂದದ್ದು 1960ರ ದಶಕದಲ್ಲಿ. ಶ್ವಾರ್ಜ್‌ಶಿಲ್ಡ್ ಪರಿಹಾರ ಸೂಚಿಸುವ ಕಪ್ಪುಕುಳಿ ಅಲುಗಿಸಿದರೆ ಒಡೆಯದೆ ಸ್ಥಿರವಾಗಿ ಉಳಿಯುತ್ತದೆಯೇ ಎಂಬ ಪ್ರಶ್ನೆಗೆ 1970ರಲ್ಲಿ ಉತ್ತರ ಕೊಟ್ಟವರು ಬೆಂಗಳೂರಿನವರೇ ಆದ ಸಿ.ವಿ. ವಿಶ್ವೇಶ್ವರ, ಮುಂದೆ ಜವಾಹರಲಾಲ್ ನೆಹರು ತಾರಾಲಯದ ಸ್ಥಾಪಕ ನಿರ್ದೇಶಕರಾದವರು. ಅಲುಗಿಸಿದ ಕಪ್ಪುಕುಳಿ ಬಾರಿಸಿದ ಗಂಟೆಯಂತೆ ಕಂಪಿಸಿ ಕ್ರಮೇಣ ಶಾಂತವಾಗುವುದೆಂದು ಅವರು ಲೆಕ್ಕಹಾಕಿದ್ದರು. 2015ರ ಸೆಪ್ಟೆಂಬರ್ 14ರಂದು ಲೈಗೋ ಉಪಕರಣಗಳು ಮೊದಲ ಬಾರಿ ಹಿಡಿದ ಗುರುತ್ವ ಅಲೆಗಳಲ್ಲಿ ಆ ಕಂಪನದ ಕುರುಹಿತ್ತು. ವಿಶ್ವೇಶ್ವರ ಅದನ್ನು ಕಂಡು, 2017ರ ಜನವರಿಯಲ್ಲಿ ನಿಧನರಾದರು.

ಶ್ವಾರ್ಜ್‌ಶಿಲ್ಡ್ ಪರಿಹಾರದ ನಡುಬಿಂದುವಿನಲ್ಲಿ ಮಾತ್ರ ಇಂದಿಗೂ ಲೆಕ್ಕ ಕೈಕೊಡುತ್ತದೆ. ಅಲ್ಲಿ ಬಾಗು ಅನಂತವಾಗುತ್ತದೆ, ಕಾಲ ಕೊನೆಗೊಳ್ಳುತ್ತದೆ. ಅಷ್ಟು ಕಿರಿದಾದಲ್ಲಿ ಕ್ವಾಂಟಂ ನಿಯಮಗಳು ಅನಿವಾರ್ಯವಾದರೂ ಗುರುತ್ವದೊಡನೆ ಅವು ಹೊಂದುವುದಿಲ್ಲ. ಕ್ವಾಂಟಂ ಸಿದ್ಧಾಂತ ತಮ್ಮ ಗುರುತ್ವ ಸಿದ್ಧಾಂತವನ್ನೂ ಮಾರ್ಪಡಿಸಬೇಕಾದೀತೆಂದು ಐನ್‌ಸ್ಟೈನ್ ಸೂಚಿಸಿದ್ದು 1916ರ ಜೂನ್‌ನಲ್ಲಿ, ಶ್ವಾರ್ಜ್‌ಶಿಲ್ಡ್ ತೀರಿಕೊಂಡ ಮರುತಿಂಗಳೇ. ಕಪ್ಪುಕುಳಿಗಳೂ ಅತಿ ಕ್ಷೀಣವಾಗಿ ವಿಕಿರಣ ಸೂಸುತ್ತವೆಂದು 1974ರಲ್ಲಿ ಸ್ಟೀಫನ್ ಹಾಕಿಂಗ್ ಎರಡನ್ನೂ ಭಾಗಶಃ ಬೆಸೆದು ತೋರಿಸಿದರು. ಪೂರ್ಣ ಬೆಸುಗೆಗಾಗಿ ತಂತು ಸಿದ್ಧಾಂತ, ಲೂಪ್ ಕ್ವಾಂಟಂ ಗುರುತ್ವ ಮೊದಲಾದ ಹಾದಿಗಳಲ್ಲಿ ಶೋಧ ಸಾಗಿದೆ. ಯಾವುದೂ ಇನ್ನೂ ಪ್ರಯೋಗದ ಒರೆಗಲ್ಲಿಗೆ ಹಚ್ಚಿ ಸಾಬೀತಾಗಿಲ್ಲ. ಒಬ್ಬರೇ ವ್ಯಕ್ತಿ ಕೆಲವೇ ತಿಂಗಳುಗಳ ಅಂತರದಲ್ಲಿ, ಒಂದೇ ಅಕಾಡೆಮಿಗೆ ಬರೆದು ಕಳುಹಿಸಿದ ಗುರುತ್ವದ ಪ್ರಬಂಧವೂ ಕ್ವಾಂಟಂ ಪ್ರಬಂಧವೂ ಇನ್ನೂ ಬೇರೆ ಬೇರೆಯಾಗಿಯೇ ಉಳಿದಿವೆ.